ಟೊಮೇಟೊ ಶುಕ್ರವಾರ

ಫೆಬ್ರವರಿಯ ಮೊದಲ ಶುಕ್ರವಾರ, ಬೆಳಗಿನ ಐದೂವರೆ. ನಮ್ಮ ಅಡುಗೆಮನೆಯಲ್ಲಿ ಇದ್ದವರು ಮೂವರು: ಚಹಾ ಸೋಸುತ್ತಿದ್ದ ಅಮ್ಮ, ನಿಂತುಕೊಂಡೇ ಕುಡಿಯುತ್ತಿದ್ದ ಅಪ್ಪ, ಬಾಗಿಲಿನಿಂದ ಕಿಟಕಿಗೆ, ಕಿಟಕಿಯಿಂದ ಬಾಗಿಲಿಗೆ ಓಡಾಡುತ್ತಿದ್ದ ಹನ್ನೊಂದು ವರ್ಷದ ನಾನು. ಕಿಟಕಿಯಾಚೆ, ಎರಡು ಸಾಲು ಮನೆಗಳ ನಡುವಿನ ಸಿಮೆಂಟಿನ ಅಂಗಳದಲ್ಲಿ, ಇಟಲಿಯವರ ಅಜ್ಜಿ ಆಗಲೇ ಕುರ್ಚಿ ಹಾಕಿಕೊಂಡು ಕೂತಾಗಿತ್ತು. ಕಪ್ಪು ಉಡುಪು, ಕಪ್ಪು ಕಾಲುಚೀಲ, ಮಡಿಲಲ್ಲಿ ಒಂದು ಚಾಕು. ಒಳಗೆ, ನಮ್ಮ ಗೋಡೆಗೆ ಒತ್ತಿಕೊಂಡು, ಕಟ್ಟಿ ಮುಗಿಸಿದ ತಗಡಿನ ಪೆಟ್ಟಿಗೆ. ಬರುವ ಬುಧವಾರ ಅಮ್ಮ ಮತ್ತು ನಾನು ಊರಿಗೆ ಹೊರಡುವುದೆಂದು ನಿಶ್ಚಯವಾಗಿತ್ತು. ರಜೆಗಲ್ಲ. ಅಪ್ಪ ಇಲ್ಲಿ ಕೆಲಸದಲ್ಲಿ ಉಳಿಯುವುದು, ನಾವಿಬ್ಬರು ಸುರತ್ಕಲ್ಲಿನ ಅಜ್ಜಿಮನೆಯಲ್ಲಿ ಇರುವುದು, ನಾನು ಅಲ್ಲಿಯೇ ಶಾಲೆಗೆ ಸೇರುವುದು. ನನಗೆ ಹೋಗುವ ಮನಸ್ಸಿರಲಿಲ್ಲ. ಕೇಳಿದವರು ಯಾರೂ ಇಲ್ಲವಾದ್ದರಿಂದ ನಾನು ಹೇಳಿಯೂ ಇರಲಿಲ್ಲ; ಓಡಾಡುತ್ತಿದ್ದೆ, ಅಷ್ಟೇ. ಮನೆಯಲ್ಲಿ ನಾವು ಆಡುತ್ತಿದ್ದದ್ದು ತುಳು. ಇಲ್ಲಿ ಅದನ್ನು ನಮ್ಮ ಕಡೆಯ ಕನ್ನಡದಲ್ಲಿ ಬರೆಯುತ್ತೇನೆ.

“ಹೊರಗೆ ಹೋಗುದಾದ್ರೆ ಹೋಗು. ಒಳಗೆ ಇರುದಾದ್ರೆ ಕೂತುಕೋ. ನಿನ್ನನ್ನು ನೋಡಿ ನನಗೆ ತಲೆ ತಿರುಗ್ತದೆ,” ಎಂದಳು ಅಮ್ಮ.

“ನೀನು ಬರುದಿಲ್ವಾ ಅಮ್ಮ?”

“ಬಿಯರ್ ಬಾಟಲಿಯಲ್ಲಿ ಗೊಜ್ಜು ತುಂಬಿಸುವವರ ಜೊತೆ ನನಗೆಂತ ಕೆಲಸ?”

“ಬಿಸಿನೀರಲ್ಲಿ ತೊಳೆದ ಬಾಟಲಿ ಮಾರಾಯ್ತಿ,” ಎಂದರು ಅಪ್ಪ.

“ತೊಳೆದದ್ದು ಯಾರು, ನೀವಾ?”

“ನಾನೇ.”

“ಹಾಗಾದ್ರೆ ವಾಸನೆ ಉಂಟು ಇನ್ನೂ.”

ಈಗ ಒಮಾನಿನ ಅಲ್ ಖುವೈರಿನಲ್ಲಿ ಕಚೇರಿಗಳೂ ಫ್ಲಾಟುಗಳೂ ಒತ್ತೊತ್ತಾಗಿ ನಿಂತಿರುವ ಕಡೆ ಆಗ ಇದ್ದದ್ದು ಮರಳು ಮತ್ತು ನಮ್ಮ ಕ್ಯಾಂಪು. ರಸ್ತೆ ಕಟ್ಟುವ ಇಟಲಿಯ ಕಂಪನಿಯದು. ಅಪ್ಪ ಅಲ್ಲಿ ಸ್ಟೋರ್ ಕೀಪರ್. ಕುಟುಂಬವಿದ್ದ ಮನೆಗಳು ಒಂದು ಏಳೆಂಟು; ಅವುಗಳಲ್ಲಿ ನಮ್ಮದೊಂದನ್ನು ಬಿಟ್ಟರೆ ಉಳಿದವೆಲ್ಲ ಇಟಲಿಯವರವು. ಅವರ ದಿನಚರಿ ಗಡಿಯಾರದ ಮುಳ್ಳಿಗೆ ಕಟ್ಟಿದಂತಿತ್ತು. ಒಂದು ಗಂಟೆಗೆ ಊಟದ ಮೇಜು. ಕರೆದಾಗ ಬಾರದವನಿಗೆ ತಣ್ಣಗಾದದ್ದು. ಹಾಲು ಹಾಕಿದ ಕಾಫಿ ಬೆಳಿಗ್ಗೆ ಮಾತ್ರ. ಊಟದ ಮೇಲೆ ಯಾರಾದರೂ ಹಾಲು ಕೇಳಿದರೆ ಅವನಿಗೆ ಹುಷಾರಿಲ್ಲವೇ ಎಂದು ವಿಚಾರಿಸುತ್ತಿದ್ದರು. ಹಾಸಿಗೆಯ ಮೇಲೆ ಟೋಪಿ ಇಟ್ಟರೆ ಸಾವಿನ ಶಕುನವೆಂದು ಕಿರುಚುತ್ತಿದ್ದರು. ಸಂಜೆ ಗಂಡಸರು ಅಂಗಳದಲ್ಲಿ ಇಸ್ಪೀಟು ಹಾಕಿಕೊಂಡು ಮೇಜು ಮುರಿಯುವಂತೆ ಎಲೆ ಬಡಿಯುತ್ತಿದ್ದರು. ಅವರ ಊರಿನ ಹಾಡಿನ ಸ್ಪರ್ಧೆಯ ಕ್ಯಾಸೆಟ್ಟು ಬಂದರೆ, ಯಾರಿಗೆ ಬಹುಮಾನ ತಪ್ಪಿದ್ದು ಅನ್ಯಾಯ ಎಂಬ ಜಗಳ ವಾರವಿಡೀ. ಎಲ್ಲರೂ ಒಟ್ಟಿಗೆ ಮಾತಾಡುತ್ತಿದ್ದರು, ಎಲ್ಲರಿಗೂ ಕೇಳಿಸುತ್ತಿತ್ತು. ಅಪ್ಪನಿಗೆ ಅವರ ಸಮಯಪಾಲನೆ ಇಷ್ಟ. ನನಗೆ ಅವರ ಗದ್ದಲ ಇಷ್ಟ. ಅಂಗಳದ ಮಕ್ಕಳೊಂದಿಗೆ ಆಡುತ್ತ ನಾನು ಅವರ ಮಾತು ಕಲಿತುಬಿಟ್ಟಿದ್ದೆ. ಅಮ್ಮನಿಗೆ ಮಾತ್ರ, ಉಣ್ಣುವಾಗ ಬಾಯಿ ಬಿಡಬಾರದು ಎಂದು ಬೆಳೆದವಳಿಗೆ, ಅದು ಪ್ರತಿದಿನವೂ ಪಕ್ಕದ ಮನೆಗೆ ಬೆಂಕಿ ಬಿದ್ದಂತೆ ಕೇಳುತ್ತಿತ್ತು.

ಆದರೂ ಮೊದಲು ಅವಳಿಗೆ ಅಂಗಳದಲ್ಲಿ ಒಬ್ಬ ಗೆಳತಿ ಇದ್ದಳು, ಎದುರು ಮನೆಯ ಅಸ್ಸುಂತ. ಗಂಡ ಕಂಪನಿಯ ಸರ್ವೇಯರ್. ಅಡುಗೆಯ ಹುಡುಗರಿಂದ ಕಲಿತ ಹಿಂದಿ, ಚೂರು ಇಂಗ್ಲಿಷು, ನಡುವೆ ಅರಬಿಯ ಒಂದು ಖಲಾಸ್, ಒಂದು ಯಲ್ಲಾ ಸೇರಿಸಿ ಅವಳು ಅಮ್ಮನೊಡನೆ ಗಂಟೆಗಟ್ಟಲೆ ಮಾತಾಡುತ್ತಿದ್ದಳು. ಆ ಸ್ನೇಹ ಡಿಸೆಂಬರಿನಲ್ಲಿ ಒಂದು ಕಾಫಿ ಪಾತ್ರೆಯಿಂದ ಮುರಿಯಿತು. ಅಪ್ಪನ ಮೇಲಧಿಕಾರಿ ಕಾಫಿಗೆ ಬರುತ್ತಾರೆಂದು ಅಮ್ಮ ಅಸ್ಸುಂತಳ ಅಲ್ಯೂಮಿನಿಯಂ ಪಾತ್ರೆಯನ್ನು ತಂದಿದ್ದಳು: ಕೆಳಗೆ ನೀರು, ನಡುವೆ ಪುಡಿ, ಮೇಲೆ ಕಾಫಿ ಉಕ್ಕಿ ಬರುವಂಥದ್ದು. ಅಸ್ಸುಂತಳ ತಾಯಿ ಮದುವೆಯಲ್ಲಿ ಕೊಟ್ಟದ್ದು. ಒಳಗೆಲ್ಲ ಕಪ್ಪು ಕಟ್ಟಿತ್ತು. ಅವರ ಪದ್ಧತಿಯಲ್ಲಿ ಆ ಕಪ್ಪೇ ಪಾತ್ರೆಯ ಆಸ್ತಿ. ಅದನ್ನು ಬರೀ ನೀರಿನಲ್ಲಿ ಆಡಿಸಿ ಒರಸಿಡುತ್ತಾರೆ, ಸಾಬೂನು ತಾಗಿಸುವುದಿಲ್ಲ. ನಮ್ಮ ಪದ್ಧತಿಯಲ್ಲಿ ಎರವಲು ತಂದ ಪಾತ್ರೆಯನ್ನು ತಂದದ್ದಕ್ಕಿಂತ ಚೊಕ್ಕ ಮಾಡಿ ಹಿಂದಿರುಗಿಸಬೇಕು, ಖಾಲಿ ಕೊಡಬಾರದು. ಅಮ್ಮ ಹುಣಸೆಹುಳಿ ಹಾಕಿ, ತೆಂಗಿನ ನಾರಿನಲ್ಲಿ ಅರ್ಧ ಬೆಳಿಗ್ಗೆ ತಿಕ್ಕಿದಳು. ಬೆಳ್ಳಿಯಂತೆ ಹೊಳೆಯಿತು. ಕೆಳಗಿನ ಭಾಗಕ್ಕೆ ಸಕ್ಕರೆ ತುಂಬಿ, ತಾನೇ ಹೋಗಿ ಕೊಟ್ಟುಬಂದಳು.

ಅಸ್ಸುಂತ ಮುಚ್ಚಳ ತೆಗೆದು ನೋಡಿದವಳು ನಮ್ಮ ಬಾಗಿಲಿಗೆ ಓಡಿ ಬಂದಳು.

“ಇಮ್ಲಿ? ಸಾಬೂನ್? ನೋ, ನೋ, ನೋ! ಮೈ ಮಮ್ಮಾ! ಖಲಾಸ್! ಸಬ್ ಖಲಾಸ್!”

ಹಾಗೆನ್ನುತ್ತ ಐದೂ ಬೆರಳ ತುದಿ ಕೂಡಿಸಿ ಅಮ್ಮನ ಮುಖದ ಮುಂದೆ ಮೇಲೆ ಕೆಳಗೆ ಆಡಿಸಿದಳು. ‘ಎಂಥ ಕೆಲಸ ಮಾಡಿದೆ ನೀನು’ ಎಂದು ಅದರ ಅರ್ಥ. ನಮ್ಮಲ್ಲಿ ಬೆರಳು ಕೂಡಿಸಿ ಆಡಿಸಿದರೆ ಅದು ಹಸಿವಿನ ಮಾತು. ಹೆಂಗಸು ಅಳುತ್ತ ಬಂದು ಊಟ ಕೇಳುತ್ತಿದ್ದಾಳೆ, ಗಂಡನೊಡನೆ ಜಗಳವಾಗಿರಬೇಕು ಎಂದುಕೊಂಡ ಅಮ್ಮ ಒಳಗೆ ಹೋಗಿ ತಟ್ಟೆಯಲ್ಲಿ ನೀರುದೋಸೆ, ಬೆಲ್ಲ, ಕಾಯಿತುರಿ ತಂದು ಮುಂದೆ ಹಿಡಿದಳು. ತನ್ನನ್ನು ಗೇಲಿ ಮಾಡುತ್ತಿದ್ದಾಳೆಂದು ಅಸ್ಸುಂತ ತಿರುಗಿ ಹೋಗಿ ಬಾಗಿಲು ಹಾಕಿಕೊಂಡಳು. ನಾನು ಶಾಲೆಯಿಂದ ಬರುವಷ್ಟರಲ್ಲಿ ಎಲ್ಲ ಮುಗಿದಿತ್ತು. ಎರಡೂ ಕಡೆ ಬಿಡಿಸಿ ಹೇಳಿದೆ, ಎರಡೂ ಕಡೆ ಕೇಳಲಿಲ್ಲ. ಆಮೇಲೆ ಅಮ್ಮ ಅಂಗಳ ದಾಟಲಿಲ್ಲ. ಬಟ್ಟೆಯನ್ನು ಹಿತ್ತಿಲಲ್ಲಿ ಒಣಗಿಸಿದಳು. ಹೊಸ ವರ್ಷದ ಹೊತ್ತಿಗೆ ಅಪ್ಪನಿಗೆ ಹೇಳಿದಳು:

“ಗೋಡೆ ಹತ್ತಿರ ಮಾತಾಡಿ ಮಾತಾಡಿ ನನಗೆ ಸಾಕಾಯ್ತು. ನೀವು ಬೆಳಿಗ್ಗೆ ಹೋದ್ರೆ ಸಂಜೆ, ಇವಳು ಶಾಲೆಗೆ. ಮಾತಿಗೆ ಒಂದು ಜನ ಬೇಡ್ವಾ ಮಾರಾಯ್ರೆ? ಊರಿಗೆ ಕಳಿಸಿ.”

ಕಪಾಟಿನ ಮೇಲಿಂದ ಪೆಟ್ಟಿಗೆ ಕೆಳಗಿಳಿದದ್ದು ಆಗ.

ಟೊಮೇಟೊ ಶುಕ್ರವಾರ, ಅಂಗಳದಲ್ಲಿ ಕುರ್ಚಿ ಹಾಕಿ ಕೂತಿದ್ದ ಆ ಅಜ್ಜಿಯದು, ಅಸ್ಸುಂತಳ ಅತ್ತೆಯದು. ಅವರನ್ನು ಎಲ್ಲರೂ ನೊನ್ನ ಎನ್ನುತ್ತಿದ್ದರು, ಅವರಲ್ಲಿ ಅಜ್ಜಿಗೆ ಹಾಗೆ ಹೇಳುವುದು. ಅವರ ಊರಿನಲ್ಲಿ ಬೇಸಗೆಯ ಒಂದು ದಿನ ಬೀದಿಯವರೆಲ್ಲ ಸೇರಿ ವರ್ಷಕ್ಕಾಗುವಷ್ಟು ಟೊಮೇಟೊ ರಸ ಬೇಯಿಸಿ ಬಾಟಲಿಗೆ ತುಂಬುತ್ತಾರಂತೆ. ಒಮಾನಿನಲ್ಲಿ ಟೊಮೇಟೊ ಹಣ್ಣಾಗುವುದು ಚಳಿಗಾಲದಲ್ಲಿ. ಹಾಗಾಗಿ ನೊನ್ನ ಪ್ರತಿ ಚಳಿಗಾಲ ಮಗನ ಮನೆಗೆ ಬಂದು, ಆ ಒಂದು ದಿನವನ್ನು ಮುಗಿಸಿ, ಕೆಲವು ವಾರ ಉಳಿದು ಹೋಗುತ್ತಿದ್ದರು. ಮೊನ್ನೆ ನಾನಿದನ್ನು ಮೊಮ್ಮಗಳಿಗೆ ಹೇಳುತ್ತಿದ್ದಾಗ ಅವಳು ಫೋನಿನಿಂದ ತಲೆಯೆತ್ತದೆ “ಅಜ್ಜಿ, ಇಟ್ ಕಮ್ಸ್ ಇನ್ ಪ್ಯಾಕೆಟ್ಸ್” ಎಂದಳು. ಬರುತ್ತದೆ, ಗೊತ್ತಿದೆ. ಆಗಲೂ ಡಬ್ಬದಲ್ಲಿ ಬರುತ್ತಿತ್ತು, ಅಪ್ಪನ ಸ್ಟೋರಿನಲ್ಲೇ ಸಾಲಾಗಿ ಇತ್ತು. ಅದನ್ನು ತೋರಿಸಿದರೆ ನೊನ್ನ ನಾಲಗೆ ಲೊಚಗುಟ್ಟಿ ಗದ್ದ ಮೇಲೆತ್ತುತ್ತಿದ್ದರು. ಅವರಲ್ಲಿ ‘ಇಲ್ಲ’ ಎನ್ನಲು ಅಷ್ಟು ಸಾಕು.

ಆರು ಗಂಟೆಗೆ ಅದ್ದಾಕನ ಪಿಕಪ್ಪು ಬಂತು. ಅದ್ದಾಕ ನಮ್ಮ ಕಡೆಯ ಬ್ಯಾರಿಗಳು, ಸುವೈಕಿನಲ್ಲಿ ತರಕಾರಿ ವ್ಯಾಪಾರ. ತೋಟದಿಂದ ರಾತ್ರಿ ಕೊಯ್ದದ್ದನ್ನು ತಾವೇ ತುಂಬಿಸಿಕೊಂಡು ತಂದಿದ್ದರು.

“ಸಂಜೀವಣ್ಣ, ಇಳಿಸಿಕೊಳ್ಳಿ ಬೇಗ. ಇನ್ನೂ ನಾಲ್ಕು ಕಡೆ ಕೊಡ್ಲಿಕ್ಕುಂಟು, ನನಗೆ ಜುಮಾ ನಮಾಜು ತಪ್ಪಬಾರ್ದು. ಕಮಲಕ್ಕ ಎಲ್ಲಿ? ಊರಿಗೆ ಹೋಗ್ತಾರಂತೆ, ಹೌದಾ?”

“ಹೌದು,” ಎಂದರು ಅಪ್ಪ.

“ಹೋಗಿ ಎಂತ ಮಾಡುದು? ಊರಲ್ಲಿ ಎಲ್ಲರೂ ಗಲ್ಫಿಗೆ ಬರ್ಲಿಕ್ಕೆ ವೀಸಾ ಉಂಟಾ ಕೇಳ್ತಾರೆ. ಇವರು ಉಲ್ಟಾ.”

ಅಡುಗೆಮನೆಯ ಕಿಟಕಿ ಸದ್ದಿಲ್ಲದೆ ಮುಚ್ಚಿಕೊಂಡಿತು.

ನೊನ್ನ ಎಲ್ಲರಿಗೂ ಜಾಗ ಕೊಟ್ಟರು. ಒಬ್ಬರು ತೊಳೆಯುವುದು, ಇಬ್ಬರು ಕತ್ತರಿಸುವುದು, ಒಬ್ಬರು ಕುದಿಸುವುದು, ಒಬ್ಬರು ಕೈಯಂತ್ರ ತಿರುಗಿಸುವುದು. ಯಂತ್ರದ ಒಂದು ಬಾಯಿಯಲ್ಲಿ ಸಿಪ್ಪೆ ಬೀಜ, ಇನ್ನೊಂದರಲ್ಲಿ ರಸ. ಆಮೇಲೆ ಬಾಟಲಿಗೆ ಒಂದೊಂದು ಕಾಮಕಸ್ತೂರಿ ಎಲೆ, ಅದರ ಮೇಲೆ ರಸ, ಅದರ ಮೇಲೆ ಮುಚ್ಚಳ. ಕೊಟ್ಟ ಜಾಗವನ್ನು ಕೆಲಸ ಮುಗಿಯುವವರೆಗೆ ಯಾರೂ ಬಿಡಬಾರದು. ನನ್ನನ್ನು ಅವರು ತುಸು ಹೊತ್ತು ನೋಡಿದರು. ಕಾಲು ನಿಲ್ಲದವಳಿಗೆ ನಡೆಯುವ ಕೆಲಸವನ್ನೇ ಕೊಟ್ಟರು: ಖಾಲಿ ಬಾಟಲಿಯನ್ನು ಎಡಗಡೆಯಿಂದ ತರುವುದು, ತುಂಬಿದ್ದನ್ನು ಬಲಗಡೆ ಇಡುವುದು, ಓಡಬಾರದು, ನಿಲ್ಲಬಾರದು. ಅದುವರೆಗೆ ಮನೆಯಲ್ಲೂ ಶಾಲೆಯಲ್ಲೂ ನನಗೆ ಸಿಕ್ಕಿದ್ದು ‘ಸುಮ್ಮನೆ ಕೂರು’ ಎಂಬ ಒಂದೇ ಅಪ್ಪಣೆ. ಚಡಪಡಿಕೆಗೆ ಒಂದು ದಾರಿ ಹಾಕಿಕೊಟ್ಟರೆ ಅದು ದುಡಿಯುತ್ತದೆ ಎಂದು ನಾನು ತಿಳಿದದ್ದು ಆ ಬೆಳಿಗ್ಗೆ. ಈಗಲೂ ಕೆಲಸವನ್ನು ಎಡದಿಂದ ಬಲಕ್ಕೆ ಜೋಡಿಸಿಕೊಳ್ಳದೆ ನಾನು ಶುರು ಮಾಡುವುದಿಲ್ಲ. ಅದನ್ನು ನೋಡಿ ಮನೆಯವರು ನಗುತ್ತಾರೆ. ಆದರೆ ಆ ದಿನ ಪ್ರತಿ ಸುತ್ತಿನಲ್ಲೂ ನಮ್ಮ ಕಿಟಕಿಯ ಕಡೆಗೆ ಕತ್ತು ತಿರುಗುತ್ತಿತ್ತು. ಬುಧವಾರ ಹೋಗುವವಳು ನಾನು. ಈ ಬಾಟಲಿಗಳಲ್ಲಿ ಒಂದನ್ನೂ ನಾನು ತಿನ್ನುವುದಿಲ್ಲ ಎಂದು ಪ್ರತಿ ಬಾಟಲಿಗೂ ನೆನಪಾಗುತ್ತಿತ್ತು.

ಹನ್ನೊಂದರ ಸುಮಾರಿಗೆ ಅಸ್ಸುಂತಳ ಮನೆಯಲ್ಲಿ ಉಪ್ಪು ಮುಗಿಯಿತು. ಊಟಕ್ಕೆ ನೀರು ಕುದಿಯಲಿಟ್ಟಾಗಿತ್ತು. ಸ್ಟೋರಿಗೆ ರಜೆ, ಬೀಗದ ಕೈ ಆಫೀಸಿನಲ್ಲಿ. ನೊನ್ನ ನನ್ನನ್ನು ನಮ್ಮ ಮನೆಗೆ ಓಡಿಸಿದರು.

“ಅಮ್ಮ, ನೊನ್ನ ಉಪ್ಪು ಕೇಳಿದ್ರು. ಒಂದು ಬಟ್ಟಲು.”

ಅಮ್ಮ ಬಟ್ಟಲು ತುಂಬಿಸಿ ನನಗೆ ಕೊಡಲು ಹೋದವಳು ಕೈ ಹಿಂದೆ ತೆಗೆದಳು.

“ನೀನು ಹೋಗಿ ಕೈಯಲ್ಲೇ ಕೊಡ್ತಿ.”

“ಇಲ್ಲ, ಕೆಳಗಿಡ್ತೇನೆ.”

“ನಿನ್ನ ಕಾಲು ಒಂದು ಕಡೆ, ತಲೆ ಒಂದು ಕಡೆ. ಆ ಅಜ್ಜಿ ಕೈ ನೀಡಿದ್ರೆ ನೀನು ಕೊಟ್ಟೇ ಬಿಡುದು. ಉಪ್ಪು ಕೈಯಿಂದ ಕೈಗೆ ಹೋದ್ರೆ ಜಗಳ. ಇರುವ ಜಗಳವೇ ಸಾಕು. ನಡಿ, ನಾನೇ ಇಟ್ಟು ಬರ್ತೇನೆ.”

ಹೀಗೆ ಅಮ್ಮ ಎರಡು ತಿಂಗಳ ಮೇಲೆ ಅಂಗಳಕ್ಕೆ ಕಾಲಿಟ್ಟಳು. ಸೆರಗು ಬಿಗಿದು, ಯಾರನ್ನೂ ನೋಡದೆ, ನೇರವಾಗಿ ನೊನ್ನಳ ಮೇಜಿನ ಕಡೆಗೆ. ಅವಳು ಬಟ್ಟಲು ಹಿಡಿದು ಬರುವುದನ್ನು ಕಂಡದ್ದೇ ನೊನ್ನ ತಮ್ಮ ಎರಡೂ ಕೈಗಳನ್ನು ಬೆನ್ನ ಹಿಂದೆ ಕಟ್ಟಿಕೊಂಡರು. ಗದ್ದದಿಂದ ಮೇಜು ತೋರಿಸಿದರು: ಅಲ್ಲಿಡು, ನನ್ನ ಕೈಗೆ ಬೇಡ. ಅಮ್ಮ ನಿಂತುಬಿಟ್ಟಳು. ಬಟ್ಟಲನ್ನು ಮೇಜಿನ ಮೇಲಿಟ್ಟಳು. ನೊನ್ನ ಆಮೇಲೆ ಕೈ ಬಿಡಿಸಿ ಅದನ್ನು ಎತ್ತಿಕೊಂಡರು.

“ಇವರಲ್ಲಿಯೂ ಹಾಗೆಯಾ?” ಎಂದು ಅಮ್ಮ ನನ್ನನ್ನು ಕೇಳಿದಳು.

ನಾನು ನೊನ್ನಳನ್ನು ಕೇಳಿದೆ. ಅವರು ಎರಡು ಮುಷ್ಟಿಗಳನ್ನು ಒಂದಕ್ಕೊಂದು ಗುದ್ದಿಸಿ ತೋರಿಸಿದರು. ಜಗಳ. ಅಮ್ಮನಿಗೆ ನಗು ಬಂತು. ಸೆರಗಿನಲ್ಲಿ ಬಾಯಿ ಮುಚ್ಚಿಕೊಂಡರೂ ನಿಲ್ಲಲಿಲ್ಲ. ನೊನ್ನ ಕಾಲಿನಿಂದ ಒಂದು ಸ್ಟೂಲು ತಳ್ಳಿದರು, ಚಾಕುವನ್ನು ಮೇಜಿನ ಮೇಲೆ, ಕೈಗಲ್ಲ, ಅಮ್ಮನ ಮುಂದೆ ಇಟ್ಟರು. ಅಮ್ಮ ಚಾಕು ನೋಡಿದಳು, ಟೊಮೇಟೊ ರಾಶಿ ನೋಡಿದಳು.

“ವಾರಿಜ, ನನ್ನ ಮೆಟ್ಟುಕತ್ತಿ ತಾ. ಇದರಲ್ಲಿ ಕೊಯ್ಯುತ್ತ ಕೂತರೆ ಇವರ ಕೆಲಸ ಬರುವ ಶುಕ್ರವಾರ ಮುಗಿದೀತು.”

ಮಣೆಗೆ ನೆಟ್ಟ ಕತ್ತಿಯನ್ನು ಕಾಲಿನಲ್ಲಿ ಮೆಟ್ಟಿ ಹಿಡಿದು ಕೂತ ಅಮ್ಮ ಎರಡೂ ಕೈಯಿಂದ ಟೊಮೇಟೊ ಸೀಳಿ ಬುಟ್ಟಿಗೆ ಹಾಕುವುದನ್ನು ನೋಡಲು, ರಜೆಯೆಂದು ಬೆಳಿಗ್ಗೆಯೇ ಶುರುವಾಗಿದ್ದ ಗಂಡಸರ ಇಸ್ಪೀಟಾಟವೇ ನಿಂತಿತು. ನೊನ್ನ ತಾವೂ ನೆಲಕ್ಕೆ ಕೂತು ಪ್ರಯತ್ನಿಸಿದರು. ಏಳಲಾಗದೆ ಇಬ್ಬರು ಎತ್ತಬೇಕಾಯಿತು. ಅಲ್ಲಿಂದ ಒಂದು ಗಂಟೆಯವರೆಗೆ ಅಮ್ಮ ತುಳುವಿನಲ್ಲಿ, ಅವರು ತಮ್ಮ ಹಳ್ಳಿಯ ಮಾತಿನಲ್ಲಿ, ಬಿಡದೆ ಮಾತಾಡಿದರು. ಅರ್ಥ ಹೇಳಲು ನಾನು ನಿಂತರೆ ಇಬ್ಬರೂ ನನ್ನನ್ನು ಓಡಿಸಿದರು: ಬಾಟಲಿ ನೋಡು ಹೋಗು. ಅಸ್ಸುಂತ ಕುದಿಯುವ ಹಂಡೆಯ ಹತ್ತಿರ ಬೆನ್ನು ಹಾಕಿ ನಿಂತಿದ್ದಳು. ಆಗಾಗ ತಿರುಗಿ ನೋಡುತ್ತಿದ್ದಳು. ಅಮ್ಮನೂ ನೋಡುತ್ತಿದ್ದಳು, ಅವಳು ತಿರುಗದೆ ಇದ್ದಾಗ.

ಮೂರು ಗಂಟೆಗೆ ಬಾಟಲಿಗಳೆಲ್ಲ ತುಂಬಿ ಮುಚ್ಚಳ ಬಿಗಿದಾಗಿತ್ತು. ಇನ್ನು ಅವನ್ನು ಡ್ರಮ್ಮಿನಲ್ಲಿ ಜೋಡಿಸಿ, ನೀರು ತುಂಬಿ, ಕೆಳಗೆ ಬೆಂಕಿ ಹಾಕಬೇಕು. ಬಾಟಲಿಗೆ ಬಾಟಲಿ ತಾಗಿದರೆ ಕುದಿಯುವಾಗ ಒಡೆಯುತ್ತದೆ. ಅದಕ್ಕಾಗಿ ಒಂದೊಂದಕ್ಕೂ ಗೋಣಿ ಸುತ್ತುತ್ತಾರೆ. ಗೋಣಿ ಅಪ್ಪನ ಜವಾಬ್ದಾರಿ. ವರ್ಷವಿಡೀ ಅಕ್ಕಿ ಬೇಳೆ ಬಂದ ಚೀಲಗಳನ್ನು ತೆಗೆದಿಟ್ಟಿದ್ದರು. ತರಲು ಶೆಡ್ಡಿಗೆ ಹೋದವರು ಬರಿಗೈಯಲ್ಲಿ ಬಂದರು. ಹಿಂದಿನ ದಿನ ಸೈಟಿನವರು ಹೊಸ ಕಾಂಕ್ರೀಟಿಗೆ ಒದ್ದೆ ಮಾಡಿ ಹೊದಿಸಲು ಎಲ್ಲವನ್ನೂ ಒಯ್ದಿದ್ದರು. ಅಸ್ಸುಂತ ಬೆರಳು ಕೂಡಿಸಿ ಅಪ್ಪನ ಮುಂದೆ ಆಡಿಸಿದಳು.

“ಈಗ ಗೊತ್ತಾಯ್ತು ಅದು ಊಟ ಕೇಳುದಲ್ಲ ಅಂತ,” ಎಂದಳು ಅಮ್ಮ, ಮೆಲ್ಲಗೆ, ಯಾರಿಗೂ ಅಲ್ಲ ಎಂಬಂತೆ.

ಮನೆಮನೆಯಿಂದ ಟವೆಲು, ದಿಂಬಿನ ಚೀಲ ಬಂತು. ತಳದ ಒಂದು ವರಸೆಗೂ ಸಾಲಲಿಲ್ಲ. ರಸ ಬಿಸಿಯಲ್ಲಿ ಕೂತರೆ ಹುಳಿಯುತ್ತದೆ. ಇಡೀ ದಿನದ ಕೆಲಸ ಹಾಳು. ನೊನ್ನ ಕುರ್ಚಿಯಲ್ಲಿ ಕೂತು ಶಿಲುಬೆಯ ಗುರುತು ಹಾಕಿಕೊಂಡರು. ಜುಮಾ ಮುಗಿಸಿ ಖಾಲಿ ಪೆಟ್ಟಿಗೆ ಒಯ್ಯಲು ಬಂದ ಅದ್ದಾಕ ಎಲ್ಲರ ಮುಖ ನೋಡಿ ಹೆದರಿದರು.

“ನನ್ನ ಲುಂಗಿ ಮಾತ್ರ ಕೇಳ್ಬೇಡಿ. ಸುವೈಕಿಗೆ ವಾಪಸ್ ಹೋಗ್ಲಿಕ್ಕುಂಟು.”

ಅಮ್ಮ ಎದ್ದು ಮನೆಯೊಳಗೆ ಹೋದಳು. ನಾನು ನನ್ನ ಜಾಗ ಬಿಟ್ಟು ಹಿಂದೆ ಹೋದೆ. ಆ ದಿನ ನೊನ್ನಳ ನಿಯಮವನ್ನು ನಾನು ಮುರಿದದ್ದು ಅದೊಂದೇ ಸಲ. ಅಮ್ಮ ಪೆಟ್ಟಿಗೆಯ ಹಗ್ಗ ಬಿಚ್ಚುತ್ತಿದ್ದಳು. ಊರಿಗೆ ಒಯ್ಯುವ ಗಾಜಿನ ಕಪ್ ಬಸಿ, ಥರ್ಮಾಸು, ಗಡಿಯಾರ, ನಾದಿನಿಯರಿಗೆಂದು ತೆಗೆದ ಪಿಂಗಾಣಿ ತಟ್ಟೆಗಳು, ಎಲ್ಲವೂ ಅವಳ ಹಳೆಯ ವಾಯಿಲ್ ಸೀರೆಗಳಲ್ಲಿ ಸುತ್ತಿಕೊಂಡು ಮಲಗಿದ್ದವು. ಕಟ್ಟಲು ಅವಳಿಗೆ ಒಂದು ವಾರ ಹಿಡಿದಿತ್ತು. ಒಂದೊಂದಾಗಿ ಸೀರೆ ಎಳೆದಳು. ಕಪ್ ಬಸಿಗಳು ನೆಲದ ಮೇಲೆ ಬೆತ್ತಲೆಯಾಗಿ ಸಾಲು ನಿಂತವು.

“ಅಮ್ಮ, ಬುಧವಾರಕ್ಕೆ?”

“ಹಿಡಿ ಇದನ್ನು. ಮಣ್ಣು ತಾಗಿಸಬೇಡ.”

ಅಂಗಳದಲ್ಲಿ ಅವಳು ಮೊದಲ ಸೀರೆಯ ಅಂಚನ್ನು ಹಲ್ಲಿನಲ್ಲಿ ಕಚ್ಚಿ ಪರ್ರನೆ ಹರಿದಾಗ ನೊನ್ನ ಅಯ್ಯೋ ಎಂಬಂತೆ ಕೆನ್ನೆಗೆ ಕೈಯಿಟ್ಟರು. ಇಷ್ಟು ಹೊತ್ತು ಮಾತಾಡದಿದ್ದ ಅಸ್ಸುಂತ ಹಂಡೆ ಬಿಟ್ಟು ಬಂದು ಸೀರೆಯ ಇನ್ನೊಂದು ತುದಿ ಹಿಡಿದಳು. ಇಬ್ಬರೂ ಎದುರುಬದುರು ನಿಂತು ಹರಿದರು, ಸುತ್ತಿದರು, ಅಪ್ಪನಿಗೆ ಕೊಟ್ಟರು. ನೀಲಿ, ಹಸುರು, ಹೂವಿನ ಅಚ್ಚಿನ ಬಾಟಲಿಗಳು ಡ್ರಮ್ಮಿನೊಳಗೆ ಇಳಿದವು. ಕೊನೆಯ ವರಸೆಯಲ್ಲಿ ನೊನ್ನ ಹೂವಿನ ಅಚ್ಚಿನವನ್ನು ಮುಟ್ಟಿ ಮುಟ್ಟಿ ಬೇರೆ ಇಡಿಸಿದರು. ಅವು ಕಮಲಳ ಮನೆಯ ಪಾಲು, ವರ್ಷಕ್ಕಾಗುವಷ್ಟು ಎಂದು ನನಗೆ ಹೇಳಿದರು. ನಾನು ಅಮ್ಮನಿಗೆ ಹೇಳಿದೆ. ನಾವು ಹೋಗುವವರೆಂದು ಅವರಿಗೆ ಹೇಳು ಎನ್ನುತ್ತಾಳೆಂದು ಕಾದೆ. ಅಮ್ಮ ಡ್ರಮ್ಮಿನ ಬುಡಕ್ಕೆ ಬಗ್ಗಿದಳು. ಸೌದೆ ಸರಿಮಾಡಿದಳು.

ಮುಸ್ಸಂಜೆ, ಮಸೀದಿಯಿಂದ ಮಗ್ರಿಬಿನ ಬಾಂಗು ಕೇಳುವ ಹೊತ್ತಿಗೆ ಬೆಂಕಿ ತೆಗೆದಾಯಿತು. ಬಾಟಲಿಗಳು ನೀರಿನಲ್ಲೇ ಬೆಳಗಿನ ತನಕ ಆರಬೇಕು, ಯಾರೂ ಮುಟ್ಟುವಂತಿಲ್ಲ. ಅಸ್ಸುಂತ ಅದೇ ಪಾತ್ರೆಯಲ್ಲಿ ಕಾಫಿ ಮಾಡಿ ತಂದಳು. ಒಳಗೆ ಮತ್ತೆ ತುಸು ಕಪ್ಪು ಹಿಡಿಯತೊಡಗಿತ್ತು. ಕುಡಿದ ಮೇಲೆ ಅವಳು ಅದನ್ನು ನಲ್ಲಿಯ ಹತ್ತಿರ ಒಯ್ಯದೆ ಅಮ್ಮನ ಮುಂದೆ ಇಟ್ಟಳು.

“ಅಕ್ವಾ,” ಎಂದಳು. “ಓನ್ಲಿ ಪಾನಿ.”

“ಗೊತ್ತುಂಟು ಮಾರಾಯ್ತಿ. ನೀರು ಮಾತ್ರ,” ಎಂದಳು ಅಮ್ಮ. ತೊಳೆದಳು, ನೀರು ಚೆಲ್ಲಿದಳು, ಸೆರಗಿನಲ್ಲಿ ಒರಸಿ ಹಿಂದಕ್ಕಿಟ್ಟಳು. ಖಾಲಿ ಪಾತ್ರೆಯನ್ನು ಅವಳು ಹಿಂದಿರುಗಿಸಿದ್ದನ್ನು ನಾನು ಕಂಡದ್ದು ಅದೇ ಮೊದಲು.

ಮನೆಗೆ ಬಂದಾಗ ಅಪ್ಪ ಖಾಲಿ ಪೆಟ್ಟಿಗೆಯ ಎದುರು ನಿಂತಿದ್ದರು.

“ಸೀರೆ ತುಂಡು ನಾಳೆ ಬೆಳಿಗ್ಗೆ ಹೊರಗೆ ಬರ್ತದೆ. ಒಗೆದು ಹಾಕಿದ್ರೆ ಮಂಗಳವಾರದ ಒಳಗೆ ಪುನಃ ಕಟ್ಟಬಹುದು. ನಾನು ಸಹಾಯ ಮಾಡ್ತೇನೆ,” ಎಂದರು.

“ಕಟ್ಟುದು ಎಂತದನ್ನು? ಕಪ್ ಬಸಿ ತೊಳೆದು ಕಪಾಟಲ್ಲಿ ಇಟ್ಟಾಯ್ತು.”

ಅಪ್ಪ ಕಪಾಟಿನ ಕಡೆ ನೋಡಿದರು. ಸೌದೆಗೂ ಕಾಫಿಗೂ ನಡುವೆ ಅವಳು ಯಾವಾಗ ಒಳಗೆ ಬಂದು ಹೋದಳೋ ನಮ್ಮಿಬ್ಬರಿಗೂ ಗೊತ್ತಾಗಿರಲಿಲ್ಲ.

“ಟಿಕೇಟು?”

“ಅದು ನಿಮ್ಮ ಆಫೀಸಿನ ಕೆಲಸ. ನನ್ನನ್ನೆಂತ ಕೇಳುದು? ವರ್ಷಕ್ಕಾಗುವಷ್ಟು ಬಾಟಲಿ ಕೊಟ್ಟಿದ್ದಾರೆ ಆ ಅಜ್ಜಿ. ನೀವೊಬ್ಬರೇ ತಿಂತೀರಾ?” ಒಲೆ ಹಚ್ಚುತ್ತ ತಿರುಗಿ ನೋಡದೆ ಸೇರಿಸಿದಳು: “ಆ ಪೆಟ್ಟಿಗೆ ಕಾಲಿಗೆ ಸಿಗ್ತದೆ. ಮೇಲಿಡಿ.”

ಅಪ್ಪ ಕುರ್ಚಿ ಎಳೆದರು. ಅದು ಅಲುಗದಂತೆ ನಾನು ಎರಡೂ ಕೈಯಿಂದ ಹಿಡಿದು ನಿಂತೆ, ಕಾಲು ಕದಲಿಸದೆ. ಅವರು ಪೆಟ್ಟಿಗೆಯನ್ನು ಕಪಾಟಿನ ಮೇಲೆ ಗೋಡೆಯವರೆಗೆ ತಳ್ಳಿ ಕೆಳಗಿಳಿದರು.

ಕುರ್ಚಿಯನ್ನು ಮೇಜಿನ ಬಳಿ ಅದರ ಜಾಗದಲ್ಲಿಟ್ಟರು. ಆ ದಿನದ ಕೆಲಸ ಅಲ್ಲಿಗೆ ಮುಗಿಯಿತು.